ಯುದ್ಧ ನಿಲ್ಲಿಸದ ಪುಸ್ತಕಗಳನ್ನು ಮಕ್ಕಳಿಗೆ ಯಾಕೆ ಓದಿಸಬೇಕು?

ಪ್ರಶ್ನೆ – ಓದುಮನೆ

ನಾನು ಹದಿನಾರು, ಹದಿನೇಳು ವಯಸ್ಸಿನ ಮಕ್ಕಳಿಗೆ ಸಾಹಿತ್ಯ ಹೇಳಿಕೊಡುತ್ತೇನೆ. ಹೋದ ವಾರ ಮೊದಲ ಮಹಾಯುದ್ಧದಲ್ಲಿ ಸೈನಿಕನಾಗಿದ್ದ ಇಂಗ್ಲಿಷ್ ಕವಿ ವಿಲ್‌ಫ್ರೆಡ್ ಓವನ್ ಕವಿತೆ ಓದಿದೆವು. ವಿಷಗಾಳಿ ಬಂದಾಗ ಮುಖವಾಡ ಹಾಕಿಕೊಳ್ಳಲು ತಡವಾದ ಒಬ್ಬ ಸೈನಿಕನ ಕವಿತೆ ಅದು. ದೇಶಕ್ಕಾಗಿ ಸಾಯುವುದು ಸಿಹಿ ಎನ್ನುವ ಹಳೆಯ ಲ್ಯಾಟಿನ್ ಸಾಲನ್ನು ಓವನ್ ಕೊನೆಯಲ್ಲಿ ಸುಳ್ಳು ಎಂದು ಕರೆಯುತ್ತಾನೆ.

ಕವಿತೆ ಮುಗಿದ ಮೇಲೆ ಅವನ ಕತೆ ಹೇಳಿದೆ. 1918ರ ನವೆಂಬರ್ 4ರಂದು ತನ್ನ ಪಡೆಯನ್ನು ಒಂದು ಕಾಲುವೆ ದಾಟಿಸುವಾಗ ಸತ್ತ. ವಯಸ್ಸು 25. ಯುದ್ಧ ನಿಂತದ್ದು ನವೆಂಬರ್ 11ಕ್ಕೆ. ಅವತ್ತೇ, ಊರಿನಲ್ಲಿ ಯುದ್ಧ ಮುಗಿಯಿತೆಂದು ಗಂಟೆ ಹೊಡೆಯುತ್ತಿರುವಾಗ, ಅವನ ಅಪ್ಪ ಅಮ್ಮನ ಕೈಗೆ ತಂತಿ ಬಂತು.

ತರಗತಿ ಸುಮ್ಮನಾಯಿತು. ಆಮೇಲೆ ಹಿಂದಿನ ಬೆಂಚಿನ ಒಬ್ಬ ಹುಡುಗ ಎದ್ದು ನಿಂತ. ಓದು ಮುಗಿಸಿ ಸೈನ್ಯ ಸೇರಬೇಕು ಎಂದುಕೊಂಡಿರುವವನು. ತಂಟೆ ಮಾಡುವ ಹುಡುಗ ಅಲ್ಲ. "ಟೀಚರ್, ಇಂಥ ಪುಸ್ತಕಗಳು ಒಂದಾದರೂ ಯುದ್ಧ ನಿಲ್ಲಿಸಿದ್ದಾವಾ?" ಎಂದು ಕೇಳಿದ.

ನಾನು ಮಾನವೀಯತೆ, ಸಂವೇದನೆ ಅಂತ ಏನೇನೋ ಹೇಳಿದೆ. ಅವನು ತಲೆ ಆಡಿಸಿ ಕೂತ. ಒಪ್ಪಿ ಕೂತದ್ದಲ್ಲ, ನನ್ನ ಮೇಲಿನ ಮರ್ಯಾದೆಗೆ ಕೂತದ್ದು. ಮರುದಿನ ನೋಟ್‌ಬುಕ್ಕಿನ ಒಂದು ಹಾಳೆ ತಂದು ತೋರಿಸಿದ. ಎಡಗಡೆ ನಾನು ಈ ವರ್ಷ ಹೆಸರು ಹೇಳಿದ ಯುದ್ಧವಿರೋಧಿ ಪುಸ್ತಕಗಳು, ಅವು ಬಂದ ವರ್ಷ. ಬಲಗಡೆ ಅದರ ನಂತರ ಶುರುವಾದ ಯುದ್ಧ. ಬಲಗಡೆ ಒಂದು ಸಾಲೂ ಖಾಲಿ ಇರಲಿಲ್ಲ.

ಆ ಹಾಳೆ ಈಗ ನನ್ನ ಮುಂದೆಯೇ ಇದೆ. ಅವನಿಗೆ ಏನು ಹೇಳಲಿ? ದೊಡ್ಡ ಮಾತು ಬೇಡ. ಅವನಿಗೆ ನಿಜ ಅನ್ನಿಸುವಂಥದ್ದು ಬೇಕು.

ಉತ್ತರ – ನೇರಮಾತು

ಮೊದಲು ಅವನ ಲೆಕ್ಕ ಸರಿ ಇದೆ ಎಂದು ಒಪ್ಪಿಕೊಳ್ಳಿ. ನಾನೇ ಆ ಹಾಳೆಗೆ ಇನ್ನಷ್ಟು ಸೇರಿಸಬಲ್ಲೆ.

ಕ್ರಿಸ್ತಪೂರ್ವ 416ರಲ್ಲಿ ಅಥೆನ್ಸಿನ ಸೈನ್ಯ ಮೆಲೋಸ್ ದ್ವೀಪವನ್ನು ಗೆದ್ದಿತು. ಗಂಡಸರನ್ನು ಕೊಂದರು, ಹೆಂಗಸರನ್ನೂ ಮಕ್ಕಳನ್ನೂ ಗುಲಾಮರಾಗಿ ಮಾರಿದರು. ಮರುವರ್ಷದ ವಸಂತದಲ್ಲಿ ಯೂರಿಪಿಡೀಸ್ ಅದೇ ಅಥೆನ್ಸಿನ ಜನರ ಮುಂದೆ 'ಟ್ರಾಯ್‌ನ ಹೆಂಗಸರು' ನಾಟಕ ಆಡಿಸಿದ. ಸೋತ ಊರಿನ ಹೆಂಗಸರನ್ನು ಗೆದ್ದವರು ಹಂಚಿಕೊಳ್ಳುವ ಕತೆ. ಒಂದು ಮಗುವನ್ನು ಕೋಟೆಯ ಮೇಲಿಂದ ಎಸೆದು ಕೊಲ್ಲುತ್ತಾರೆ. ಹೆಣವನ್ನು ಸತ್ತ ಅಪ್ಪನ ಗುರಾಣಿಯಲ್ಲೇ ಮಲಗಿಸಿ ಮಣ್ಣು ಮಾಡುತ್ತಾರೆ. ಜನ ಇದನ್ನೆಲ್ಲ ಕೂತು ನೋಡಿದರು. ನಾಟಕಕ್ಕೆ ಎರಡನೇ ಬಹುಮಾನ ಬಂತು. ಅದೇ ಬೇಸಿಗೆಯಲ್ಲಿ ಅಥೆನ್ಸಿನ ಹಡಗುಗಳು ಸಿಸಿಲಿಯ ಮೇಲೆ ಯುದ್ಧಕ್ಕೆ ಹೊರಟವು.

ಬರ್ತಾ ಫಾನ್ ಸುಟ್ನರ್ 1889ರಲ್ಲಿ 'ಆಯುಧ ಕೆಳಗಿಡಿ' ಎನ್ನುವ ಕಾದಂಬರಿ ಬರೆದಳು. 1905ರಲ್ಲಿ ನೊಬೆಲ್ ಶಾಂತಿ ಬಹುಮಾನ ಬಂತು. 1914ರ ಜೂನ್ 21ರಂದು ತೀರಿಕೊಂಡಳು. ಸರಿಯಾಗಿ ಏಳು ದಿನಕ್ಕೆ ಸರಾಯೆವೋದಲ್ಲಿ ಆಸ್ಟ್ರಿಯಾದ ಯುವರಾಜನ ಮೇಲೆ ಗುಂಡು ಹಾರಿತು, ಮೊದಲ ಮಹಾಯುದ್ಧಕ್ಕೆ ಅದೇ ದಾರಿಯಾಯಿತು.

ಅಮೆರಿಕದ ಲೇಖಕ ಡಾಲ್ಟನ್ ಟ್ರಂಬೋ ಕತೆ ಇನ್ನೂ ಕಷ್ಟದ್ದು. ಕೈ, ಕಾಲು, ಮುಖ ಎಲ್ಲ ಕಳೆದುಕೊಂಡು ಆಸ್ಪತ್ರೆಯಲ್ಲಿ ಬಿದ್ದಿರುವ ಸೈನಿಕನೊಬ್ಬನ ಮೇಲೆ ಅವನು ಬರೆದ ಕಾದಂಬರಿ 1939ರ ಸೆಪ್ಟೆಂಬರ್‌ನಲ್ಲಿ ಹೊರಬಂತು. ಎರಡನೇ ಮಹಾಯುದ್ಧ ಆಗಷ್ಟೇ ಶುರುವಾಗಿತ್ತು. ಹಿಟ್ಲರ್ ಜೊತೆ ರಾಜಿ ಮಾಡಿಕೊಳ್ಳಿ ಎನ್ನುತ್ತಿದ್ದವರು ಆ ಪುಸ್ತಕಕ್ಕಾಗಿ ಹುಡುಕತೊಡಗಿದರು. ಯುದ್ಧ ಮುಗಿಯುವ ತನಕ ಅದು ಮತ್ತೆ ಅಚ್ಚಾಗುವುದು ಬೇಡ ಎಂದು ಬರೆದವನೇ ಒಪ್ಪಿಕೊಂಡ. ಅವನು ಮಾಡಿದ್ದು ಸರಿ ಅಂತಲೇ ನನಗೆ ಅನ್ನಿಸುತ್ತದೆ.

ಇನ್ನೊಂದು ವಿಷಯ. ಓವನ್ ಸಾವಿನ ಕತೆ ಹೇಳಿದಿರಿ. ಅವನು ವಾಪಸ್ ಹೋದ ಕತೆ ಹೇಳಿದಿರಾ? ಯುದ್ಧದಲ್ಲಿ ಮನಸ್ಸು ಕೆಟ್ಟು 1917ರಲ್ಲಿ ಆಸ್ಪತ್ರೆ ಸೇರಿದ್ದ. ಅಲ್ಲಿ ಇನ್ನೊಬ್ಬ ಸೈನಿಕ ಕವಿ ಸೀಗ್‌ಫ್ರೀಡ್ ಸಸೂನ್ ಜೊತೆ ಸ್ನೇಹವಾಯಿತು. ಒಳ್ಳೆಯ ಕವಿತೆಗಳಲ್ಲಿ ಹೆಚ್ಚಿನವು ಅಲ್ಲಿಂದ ಮುಂದೆ ಬಂದವು. ಅಷ್ಟೆಲ್ಲ ಬರೆದ ಮೇಲೂ 1918ರಲ್ಲಿ ಮತ್ತೆ ರಣರಂಗಕ್ಕೆ ಹೋದ. ಅಲ್ಲಿ ತೋರಿಸಿದ ಧೈರ್ಯಕ್ಕೆ ಮಿಲಿಟರಿ ಕ್ರಾಸ್ ಬಂತು. ಸೈನ್ಯ ಸೇರಲು ಹೊರಟ ಹುಡುಗನಿಗೆ ಇದನ್ನು ಮುಚ್ಚಿಟ್ಟರೆ ಹೇಗೆ? ಯುದ್ಧ ನಿಲ್ಲುತ್ತದೆ ಅಂತ ಆಸೆ ತೋರಿಸಿ ಯಾವ ಪುಸ್ತಕವನ್ನೂ ಅವನ ಕೈಗೆ ಕೊಡಬೇಡಿ.

ಉತ್ತರ – ಸೈನಿಕನ ಮಗಳು

ಮೇಡಂ, ನಾನು ಸಾಹಿತ್ಯ ಓದಿದವಳಲ್ಲ. ಲೆಕ್ಕಪತ್ರ ನೋಡುವ ಕೆಲಸ ನನ್ನದು. ನನಗೆ ಸರಿಯಾಗಿ ಗೊತ್ತಿರುವುದು ಒಂದು ಪುಸ್ತಕ, ಅದರ ಒಬ್ಬ ಓದುಗ. ಆ ಓದುಗ ನನ್ನ ಅಪ್ಪ.

ಅಪ್ಪ ಹದಿನೇಳು ವರ್ಷ ಸೈನ್ಯದಲ್ಲಿದ್ದರು. ಒಂದು ಯುದ್ಧ ನೋಡಿದ್ದರು. ಯಾವುದು, ಎಲ್ಲಿ ಎನ್ನುವುದು ಇಲ್ಲಿ ಬೇಡ. ಅವರ ಕೈಯಲ್ಲಿ ಕೀ ಕೊಡುವ ಹಳೆಯ ವಾಚು ಇರುತ್ತಿತ್ತು. ಅದರ ಹಿಂಬದಿಯಲ್ಲಿ ಮೊಳೆಯಿಂದ ಕೆರೆದ ಎರಡು ಅಕ್ಷರ. ಅಪ್ಪನ ಹೆಸರಿನ ಅಕ್ಷರಗಳಲ್ಲ ಅವು. ಚಿಕ್ಕವಳಿದ್ದಾಗ ಯಾರದು ಎಂದು ಕೇಳಿದ್ದೆ. "ನನ್ನದೇ" ಎಂದರು. ಬೆಳಿಗ್ಗೆ ಎದ್ದ ಕೂಡಲೇ ಕೀ ಕೊಡುವರು, ಕಿವಿಗೆ ಹಿಡಿದು ಕೇಳುವರು, ಆಮೇಲೆ ಮುಖ ತೊಳೆಯುವರು. ಒಂದು ದಿನವೂ ತಪ್ಪಿದ್ದು ನೋಡಿಲ್ಲ.

ನನಗೆ 26 ವರ್ಷ ಆಗಿದ್ದಾಗ ಅವರ ಕಣ್ಣಿಗೆ ಪೊರೆಯ ಆಪರೇಷನ್ ಆಯಿತು. ಕೆಲವು ವಾರ ಏನೂ ಓದಬಾರದು ಎಂದಿದ್ದರು. ಸಂಜೆ ನಾನು ಏನಾದರೂ ಓದಿ ಹೇಳುತ್ತಿದ್ದೆ. ಜೊತೆಯಲ್ಲಿ ಕೆಲಸ ಮಾಡುವವರೊಬ್ಬರು ಎರಿಕ್ ಮರಿಯಾ ರೆಮಾರ್ಕ್ ಬರೆದ 'ಆಲ್ ಕ್ವೈಟ್ ಆನ್ ದ ವೆಸ್ಟರ್ನ್ ಫ್ರಂಟ್' ಕೊಟ್ಟಿದ್ದರು. ಇಂಗ್ಲಿಷಿನ ಸಾಲು ನೋಡುತ್ತಾ ಕನ್ನಡದಲ್ಲಿ ಹೇಳುತ್ತಾ ಹೋದೆ. ಮೊದಲ ಮಹಾಯುದ್ಧದ ಜರ್ಮನ್ ಸೈನಿಕರ ಕತೆ, ಅಪ್ಪನಿಗೆ ಹಿಡಿಸೀತು ಎಂದಷ್ಟೇ ನನ್ನ ತಲೆಯಲ್ಲಿತ್ತು.

ಮೊದಲಲ್ಲೇ ಒಂದು ಆಸ್ಪತ್ರೆಯ ದೃಶ್ಯ ಬರುತ್ತದೆ. ಕೆಮ್ಮರಿಕ್ ಎನ್ನುವ ಹುಡುಗನ ಕಾಲು ಕತ್ತರಿಸಿದ್ದಾರೆ. ಅವನು ಬದುಕುವುದಿಲ್ಲ. ಅವನ ಮಂಚದ ಕೆಳಗೆ ಮೆತ್ತನೆ ಚರ್ಮದ ಒಳ್ಳೆಯ ಬೂಟುಗಳಿವೆ. ನೋಡಲು ಬಂದ ಗೆಳೆಯ ಮ್ಯೂಲರ್ ಆ ಬೂಟುಗಳನ್ನು ತನಗೆ ಬಿಟ್ಟುಹೋಗು ಎಂದು ಕೇಳುತ್ತಾನೆ.

ಅಪ್ಪ "ನಿಲ್ಲಿಸು" ಎಂದರು. ಬೇಜಾರಾಯಿತೇನೋ ಎಂದು ಪುಸ್ತಕ ಮಡಚಿದೆ. ಸ್ವಲ್ಪ ಹೊತ್ತು ಬಿಟ್ಟು "ಅದನ್ನೇ ಇನ್ನೊಂದು ಸಲ ಹೇಳು" ಎಂದರು. ಹೇಳಿದೆ. ಮುಂದೆ ಕತೆ ಹೇಳುವ ಪೌಲ್ ತನ್ನ ಗೆಳೆಯನ ಪರವಾಗಿ ಮಾತಾಡುತ್ತಾನೆ. ಆ ಬೂಟುಗಳಿಂದ ಕೆಮ್ಮರಿಕ್‌ಗೆ ಏನಾದರೂ ಉಪಯೋಗ ಇದ್ದಿದ್ದರೆ ಮ್ಯೂಲರ್ ಅವನ್ನು ಕೇಳುವ ಬದಲು ಮುಳ್ಳುತಂತಿಯ ಮೇಲೆ ಬರಿಗಾಲಲ್ಲಿ ಓಡುತ್ತಿದ್ದ ಎನ್ನುತ್ತಾನೆ. ಆ ಸಾಲನ್ನು ಅಪ್ಪ ನನ್ನಿಂದ ಮೂರು ಸಲ ಹೇಳಿಸಿದರು. ಆಮೇಲೆ ವಾಚು ಬಿಚ್ಚಿ ನನ್ನ ಅಂಗೈಯಲ್ಲಿ ಇಟ್ಟರು.

ಯುದ್ಧದಲ್ಲಿ ಅಪ್ಪನ ಜೊತೆಗಾರನೊಬ್ಬನಿಗೆ ಹೊಟ್ಟೆಗೆ ಏಟು ಬಿದ್ದಿತ್ತು. ಅವನನ್ನು ಹೊತ್ತೊಯ್ಯುವವರು ಇನ್ನೂ ಬಂದಿರಲಿಲ್ಲ. ಅಪ್ಪನ ವಾಚು ನೀರು ಹೋಗಿ ನಿಂತಿತ್ತು. ರಾತ್ರಿ ಕಾವಲು ಇತ್ತು, ಯಾರನ್ನು ಎಷ್ಟು ಹೊತ್ತಿಗೆ ಎಬ್ಬಿಸಬೇಕು ಎಂದು ಗೊತ್ತಾಗಬೇಕಿತ್ತು. "ನಿನ್ನ ವಾಚು ಕೊಡ್ತೀಯಾ?" ಎಂದು ಕೇಳಿದರು. ಅವನೇ ಕೈ ಚಾಚಿದ. ಅಪ್ಪ ಬಿಚ್ಚಿಕೊಂಡರು. "ಅವನು ಉಳಿಯಲ್ಲ ಅಂತ ನನಗೆ ಗೊತ್ತಿತ್ತು ಮಗಳೇ. ನಾನು ಕೇಳಿದ್ದರಿಂದ ಅವನಿಗೂ ಗೊತ್ತಾಯಿತು." ಇಷ್ಟನ್ನು ಅಪ್ಪ 31 ವರ್ಷ ಒಬ್ಬರೇ ಇಟ್ಟುಕೊಂಡಿದ್ದರು. ಅಮ್ಮನಿಗೂ ಹೇಳಿರಲಿಲ್ಲ. ಅವತ್ತು ಆ ಗೆಳೆಯನ ಹೆಸರು ಹೇಳಿದರು. ಆ ಹೆಸರು ನಮ್ಮ ಮನೆಯಲ್ಲಿ ಕೇಳಿಸಿದ್ದು ಅದೇ ಮೊದಲು.

ಆಮೇಲೆ ಪುಸ್ತಕ ಪೂರ್ತಿ ಮುಗಿಸಿದೆವು. ಮ್ಯೂಲರ್ ಸಾಯುವಾಗ ಆ ಬೂಟುಗಳನ್ನು ಪೌಲ್‌ಗೆ ಕೊಡುವ ಜಾಗದಲ್ಲಿ ಅಪ್ಪ ಏನೂ ಹೇಳಲಿಲ್ಲ. ಗುಂಡಿಯೊಳಗೆ ಬಿದ್ದ ಫ್ರೆಂಚ್ ಸೈನಿಕನನ್ನು ಪೌಲ್ ತಿವಿದು, ಅವನು ಸಾಯುವ ತನಕ ಪಕ್ಕದಲ್ಲೇ ಇರಬೇಕಾಗಿ ಬರುವ ಭಾಗ ಇದೆ. ಸತ್ತವನ ಜೇಬಿನಿಂದ ಹೆಂಡತಿ, ಮಗಳ ಫೋಟೋ ಬರುತ್ತದೆ. ಅವನು ಅಚ್ಚುಕೂಟದಲ್ಲಿ ಕೆಲಸ ಮಾಡುತ್ತಿದ್ದವನು ಎಂದು ಗೊತ್ತಾಗುತ್ತದೆ. "ಇದು ಬೇಡ, ಮುಂದೆ ಹೋಗು" ಎಂದರು. ನಾನು ಯಾಕೆ ಎಂದು ಕೇಳಲಿಲ್ಲ.

ನೇರಮಾತು ಅವರೇ, ನೀವು ಹೇಳಿದ್ದು ಸರಿ. ಈ ಪುಸ್ತಕವೂ ಯುದ್ಧ ನಿಲ್ಲಿಸಲಿಲ್ಲ. ಆಮೇಲೆ ಹುಡುಕಿ ಓದಿದೆ. 1928ರ ಕೊನೆಯಲ್ಲಿ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂತು, 1929ರ ಜನವರಿಯಲ್ಲಿ ಪುಸ್ತಕವಾಯಿತು. ಒಂದೂವರೆ ವರ್ಷದಲ್ಲಿ 22 ಭಾಷೆಗಳಲ್ಲಿ 25 ಲಕ್ಷ ಪ್ರತಿ ಹೋಯಿತು. ಹತ್ತು ವರ್ಷಕ್ಕೆ ಮತ್ತೆ ಮಹಾಯುದ್ಧ. ಆದರೆ ಅದನ್ನು ಕಂಡು ಕೆಲವರಿಗೆ ಎಷ್ಟು ಸಿಟ್ಟು ನೋಡಿ. 1930ರ ಡಿಸೆಂಬರ್‌ನಲ್ಲಿ ಬರ್ಲಿನ್‌ನಲ್ಲಿ ಈ ಕಾದಂಬರಿಯ ಸಿನಿಮಾ ನಡೆಯುವಾಗ ನಾಜಿಗಳು ಒಳಗೆ ಬಿಳಿ ಇಲಿಗಳನ್ನು ಬಿಟ್ಟರು. ಕೆಲವೇ ದಿನದಲ್ಲಿ ಸಿನಿಮಾಕ್ಕೆ ನಿಷೇಧ. 1933ರ ಮೇ 10ರಂದು ಪುಸ್ತಕವನ್ನು ಬೆಂಕಿಗೆ ಹಾಕಿದರು. ರೆಮಾರ್ಕ್ ದೇಶ ಬಿಟ್ಟಿದ್ದ. ತಂಗಿ ಎಲ್ಫ್ರೀಡ್ ಅಲ್ಲೇ ಉಳಿದಿದ್ದಳು. ಯುದ್ಧ ಸೋತಾಯಿತು ಎಂದು ಬಾಯಿಬಿಟ್ಟು ಹೇಳಿದ್ದಕ್ಕೆ 1943ರ ಡಿಸೆಂಬರ್‌ನಲ್ಲಿ ಅವಳ ತಲೆ ಕಡಿದರು.

ನನ್ನ ಕೆಲಸದಲ್ಲಿ ಕೊನೆಯ ಮೊತ್ತ ಸರಿ ಬಂದರೆ ಸಾಕು. ಯುದ್ಧದ ವರದಿಯೂ ಹಾಗೇ. ಈ ಕಾದಂಬರಿಯ ಕೊನೆಯಲ್ಲಿ ಪೌಲ್ ಸಾಯುತ್ತಾನೆ. 1918ರ ಅಕ್ಟೋಬರ್. ಅವತ್ತಿನ ಸೈನ್ಯದ ವರದಿಯಲ್ಲಿ ಒಂದೇ ಸಾಲು, ಪಶ್ಚಿಮದಲ್ಲಿ ಹೊಸದೇನೂ ಇಲ್ಲ ಎಂದು. ಪುಸ್ತಕದ ಹೆಸರೇ ಆ ಸಾಲಿನಿಂದ ಬಂದದ್ದು. ಅಂಥ ವರದಿಯಲ್ಲಿ ನನ್ನ ಅಪ್ಪ ಕೇಳಿ ಪಡೆದ ವಾಚಿಗೆ ಜಾಗ ಎಲ್ಲಿದೆ? ಅದಕ್ಕೆ ಜಾಗ ಸಿಕ್ಕಿದ್ದು ಆ ಸಂಜೆಗೂ ಸುಮಾರು ಎಪ್ಪತ್ತು ವರ್ಷ ಮೊದಲು ಯಾರೋ ಒಬ್ಬ ಜರ್ಮನ್ ಬರೆದ ಬೂಟಿನ ಪಕ್ಕದಲ್ಲಿ. ಹದಿನೆಂಟಕ್ಕೆ ಸೈನ್ಯಕ್ಕೆ ಎಳೆದೊಯ್ದಿದ್ದ ಹುಡುಗ ಅವನು, 1917ರಲ್ಲಿ ಗಾಯವಾಗಿ ಹಿಂದೆ ಬಂದವನು. ಅಪ್ಪ ಕೇಳಿದ್ದೂ ಅದನ್ನೇ. "ಬರೆದವನು ಅಲ್ಲಿ ಇದ್ದವನೇ ಅಲ್ವಾ?"

ನಿಮ್ಮ ಹುಡುಗ ಸೈನ್ಯ ಸೇರಲಿ, ಸೇರದೇ ಇರಲಿ. ಸೇರಿದರೆ ಅವನಿಗೂ ಇಂಥದ್ದೊಂದು ದಿನ ಬರಬಹುದು. ಮೊದಲೇ ಓದಿದ್ದರೆ 31 ವರ್ಷ ಸುಮ್ಮನಿರಬೇಕಾಗಿಲ್ಲ.

ಉತ್ತರ – ಹಳಗನ್ನಡದ ಓದುಗ

ವಾಚಿನ ಕತೆ ಓದಿ ತುಂಬ ಹೊತ್ತು ಏನೂ ಬರೆಯಲಾಗಲಿಲ್ಲ, ತಾಯಿ.

ಮೇಡಂ, ನಿಮ್ಮ ಪಟ್ಟಿಯಲ್ಲಿ ರನ್ನ ಇದ್ದಾನಾ? ಯುದ್ಧವಿರೋಧಿ ಎಂದು ಯಾರೂ ಅವನನ್ನು ಕರೆಯುವುದಿಲ್ಲ. 'ಗದಾಯುದ್ಧ' ಬರೆದದ್ದೇ ರಾಜನನ್ನು ಹೊಗಳಲು. ಸತ್ಯಾಶ್ರಯನನ್ನು ಭೀಮನಿಗೆ ಹೋಲಿಸಿ, ಭೀಮ ಗೆದ್ದದ್ದನ್ನು ಹಾಡುವ ಕಾವ್ಯ. ಆದರೆ ಒಂದು ಸಾವಿರ ವರ್ಷದಿಂದ ಓದಿದವರ ಮನಸ್ಸಿನಲ್ಲಿ ಜಾಸ್ತಿ ಉಳಿದದ್ದು ಸೋತವನ ನಡಿಗೆ. ದುರ್ಯೋಧನ ಸಂಜಯನ ಕೈ ಹಿಡಿದು ಹೆಣಗಳ ನಡುವೆ ಹೋಗುತ್ತಾನೆ. ದ್ರೋಣ ಸಿಗುತ್ತಾನೆ. ಶತ್ರುವಿನ ಮಗ ಅಭಿಮನ್ಯು ಸಿಗುತ್ತಾನೆ. ಅವನಿಗೆ ಕೈ ಮುಗಿದು, ನಿನ್ನಂಥ ಸಾವು ನನಗೂ ಬರಲಿ ಎನ್ನುತ್ತಾನೆ. ಆಮೇಲೆ ತನ್ನ ಮಗ ಲಕ್ಷಣಕುಮಾರ. ಮಗ ಅಪ್ಪನಿಗೆ ತರ್ಪಣದ ನೀರು ಬಿಡಬೇಕು, ಈಗ ಅಪ್ಪ ಮಗನಿಗೆ ಬಿಡುವ ಹಾಗೆ ಮಾಡಿದೆಯಲ್ಲ ಎಂದು ಅಳುತ್ತಾನೆ.

ರನ್ನನಿಗಿಂತ ಸಾವಿರದ ನಾನೂರು ವರ್ಷ ಮೊದಲು ಗ್ರೀಸಿನ ಇತಿಹಾಸಕಾರ ಹೆರೊಡೋಟಸ್ ಇದನ್ನೇ ಸೋತ ಇನ್ನೊಬ್ಬ ರಾಜನ ಬಾಯಲ್ಲಿ ಹೇಳಿಸಿದ್ದಾನೆ. ಶಾಂತಿಯಲ್ಲಿ ಮಕ್ಕಳು ಅಪ್ಪಂದಿರನ್ನು ಮಣ್ಣು ಮಾಡುತ್ತಾರೆ, ಯುದ್ಧದಲ್ಲಿ ಅಪ್ಪಂದಿರು ಮಕ್ಕಳನ್ನು. ರನ್ನ ಅದನ್ನು ಓದಿರಲು ಸಾಧ್ಯವೇ ಇಲ್ಲ. ಇಬ್ಬರಿಗೂ ಅದು ಹೆಣದ ಮುಂದೆ ನಿಂತ ಅಪ್ಪನಿಂದಲೇ ಗೊತ್ತಾಗಿರಬೇಕು.

ಕುವೆಂಪು ಅವರ 'ಸ್ಮಶಾನ ಕುರುಕ್ಷೇತ್ರಂ' ನಾಟಕವನ್ನೂ ಇದರ ಜೊತೆ ಇಡಿ. ಗೆಲುವಿನ ಕುರುಕ್ಷೇತ್ರ ಅಲ್ಲ, ಯುದ್ಧ ಮುಗಿದ ಮೇಲಿನದು.

ಉತ್ತರ – ರಾತ್ರಿಪಾಳಿ

ನಾನು ನರ್ಸ್. ಒಂದೇ ಮಾತು ಸೇರಿಸುತ್ತೇನೆ. ಪಟ್ಟಿಯಲ್ಲಿ ಬೆಲಾರುಸ್ ಲೇಖಕಿ ಸ್ವೆಟ್ಲಾನಾ ಅಲೆಕ್ಸಿಯೆವಿಚ್ ಇರಲಿ. ಎರಡನೇ ಮಹಾಯುದ್ಧದಲ್ಲಿ ಸೋವಿಯತ್ ಸೈನ್ಯದಲ್ಲಿ ಸುಮಾರು ಹತ್ತು ಲಕ್ಷ ಹೆಂಗಸರಿದ್ದರು. ಅವರಲ್ಲಿ ನೂರಾರು ಜನರ ಮನೆಗೆ ಹೋಗಿ, ಕೂತು, ಕೇಳಿ ಬರೆದಳು. 1985ರಲ್ಲಿ ಪುಸ್ತಕವಾಯಿತು. ಯುದ್ಧ ಮುಗಿಸಿ ಬಂದ ಮೇಲೆ ತಾವು ಅಲ್ಲಿದ್ದೆವು ಎಂದು ಹೇಳಲೂ ಹೆದರಿ ಪದಕಗಳನ್ನು ಮುಚ್ಚಿಟ್ಟವರು ಅದರಲ್ಲಿ ಇದ್ದಾರೆ.

ಅವಳೇ ಮುಂದೆ ಅಫ್ಘಾನಿಸ್ತಾನ ಯುದ್ಧದ ಮೇಲೆ ಬರೆದಾಗ, ಮಾತಾಡಿದ್ದ ತಾಯಂದಿರಲ್ಲೇ ಕೆಲವರು ಕೋರ್ಟಿಗೆ ಹೋದರು. ಮಗ ವೀರನಾಗಿ ಸತ್ತ ಎನ್ನುವುದೊಂದೇ ಅವರ ಕೈಯಲ್ಲಿ ಉಳಿದಿತ್ತು. ಆ ತಾಯಂದಿರ ಮೇಲೆ ನನಗೆ ಸಿಟ್ಟು ಬರುವುದಿಲ್ಲ. ನಿಮ್ಮ ತರಗತಿಯಲ್ಲಿ ಸೈನಿಕರ ಮನೆಯ ಮಕ್ಕಳೂ ಇರಬಹುದು. ಓವನ್ ಸುಳ್ಳು ಎಂದ ಸಾಲನ್ನು ಹೇಳುವಾಗ ಅವರ ಮುಖ ನೋಡಿಕೊಂಡು ಹೇಳಿ.

ಉತ್ತರ – ನೇರಮಾತು

ಸೈನಿಕನ ಮಗಳು ಬರೆದದ್ದನ್ನು ಎರಡು ಸಲ ಓದಿದೆ. ಯುದ್ಧ ನಿಂತಿತಾ ಇಲ್ಲವಾ ಎಂದು ಮಾತ್ರ ನಾನು ಅಳೆಯುತ್ತಿದ್ದೆ. ಅದೊಂದೇ ಅಳತೆ ಸಾಲದು.

ಓವನ್ ಯಾಕೆ ವಾಪಸ್ ಹೋದ ಎಂದು ಹೇಳದೆ ಬಿಟ್ಟಿದ್ದೆ. ಸಾಯುವುದಕ್ಕೆ ಒಂದು ತಿಂಗಳ ಮೊದಲು ಅಮ್ಮನಿಗೆ ಕಾಗದ ಬರೆದಿದ್ದಾನೆ. ಈ ಹುಡುಗರಿಗೆ ನೆರವಾಗಲು ಬಂದೆ ಎನ್ನುತ್ತಾನೆ. ನೆರವು ಎರಡು ಬಗೆ. ಒಬ್ಬ ಅಧಿಕಾರಿಯಾಗಿ ಅವರನ್ನು ಸರಿಯಾಗಿ ನಡೆಸುವುದು ಒಂದು. ಅವರ ನೋವನ್ನು ಕಣ್ಣಾರೆ ನೋಡಿ, ಒಬ್ಬ ವಕೀಲ ತನ್ನ ಕಕ್ಷಿದಾರನ ಪರ ಮಾತಾಡುವ ಹಾಗೆ ಅವರ ಪರವಾಗಿ ಮಾತಾಡುವುದು ಇನ್ನೊಂದು. ಸೈನ್ಯಕ್ಕೆ ಹೋಗಬೇಕು ಎನ್ನುವ ಹುಡುಗನಿಗೆ ಕವಿತೆಯ ಜೊತೆ ಈ ಕಾಗದವನ್ನೂ ಕೊಡಿ.

ಓದುಮನೆ

ಎಲ್ಲರಿಗೂ ಕೈ ಮುಗಿಯುತ್ತೇನೆ. ಇವತ್ತು ತರಗತಿಯಲ್ಲಿ ಮೊದಲು ಅವನ ಹಾಳೆಯನ್ನು ಬೋರ್ಡಿನ ಮೇಲೆ ಬರೆದೆ. ಲೆಕ್ಕ ಸರಿ ಇದೆ ಎಂದೆ. ಯೂರಿಪಿಡೀಸ್, ಸುಟ್ನರ್, ಅಲೆಕ್ಸಿಯೆವಿಚ್ ಮೂವರನ್ನೂ ಸೇರಿಸಿದೆ. ಆಮೇಲೆ ಬೂಟಿನ ದೃಶ್ಯ ಓದಿ ಹೇಳಿದೆ. ವಾಚಿನ ಕತೆಯನ್ನು ಯಾರದು ಎನ್ನದೆ ಹೇಳಿದೆ. ಸೈನಿಕನ ಮಗಳು ಅವರೇ, ನಿಮ್ಮನ್ನು ಕೇಳದೆ ಹೇಳಿದ್ದಕ್ಕೆ ಕ್ಷಮೆ ಇರಲಿ. ಕೊನೆಗೆ ಓವನ್ ಕಾಗದ. ಒಬ್ಬ ಹುಡುಗಿಯ ಅಣ್ಣ ಸೈನ್ಯದಲ್ಲಿದ್ದಾನಂತೆ, ನನಗೆ ಗೊತ್ತೇ ಇರಲಿಲ್ಲ. ಆ ಕಾಗದವನ್ನು ಅವಳೇ ಎದ್ದು ಬಂದು ಗಟ್ಟಿಯಾಗಿ ಓದಿದಳು.

ಹುಡುಗ ಏನೂ ಹೇಳಲಿಲ್ಲ. ಗಂಟೆ ಹೊಡೆದ ಮೇಲೆ ಬಂದು ತನ್ನ ಹಾಳೆ ವಾಪಸ್ ಕೇಳಿದ. ಅಲ್ಲೇ ನನ್ನ ಮೇಜಿನ ಮೇಲೆ ಸ್ಕೇಲ್ ಇಟ್ಟು ಮೂರನೇ ಕಂಬ ಎಳೆದ. ಅದರ ಮೇಲೆ 'ಬರೆದವರು ಅಲ್ಲಿದ್ದರಾ?' ಎಂದು ಬರೆದ. ಓವನ್ ಮುಂದೆ 'ಹೌದು', ರೆಮಾರ್ಕ್ ಮುಂದೆ 'ಹೌದು', ಸುಟ್ನರ್ ಮುಂದೆ 'ಇಲ್ಲ'. ಅಲೆಕ್ಸಿಯೆವಿಚ್ ಹತ್ತಿರ ಬಂದಾಗ ಪೆನ್ನು ನಿಂತಿತು. "ಇವರು ಆ ಮಹಾಯುದ್ಧಕ್ಕೆ ಹೋಗಿರಲಿಲ್ಲ, ಆದರೆ ಹೋದವರ ಮನೆಗೆ ಹೋಗಿದ್ದರು. ಇದಕ್ಕೆ ಏನು ಬರೆಯಲಿ ಟೀಚರ್?" ಎಂದ.

ನೀನೇ ಯೋಚಿಸು ಎಂದೆ. ಹಾಳೆ ಮಡಚಿ ಜೇಬಿಗೆ ಹಾಕಿಕೊಂಡ. ರೆಮಾರ್ಕ್ ಪುಸ್ತಕ ಸಿಗುತ್ತದಾ ಎಂದು ಕೇಳಿದ. ನನ್ನದೇ ಪ್ರತಿ ಕೊಟ್ಟು ಕಳಿಸಿದ್ದೇನೆ.